ಬೋರ್ಡ್ ಹೋಗಿದೆ ಅನ್ನುವ ಮೊದಲು

ನನ್ನ ಅಕ್ಕನ ಲ್ಯಾಪ್‌ಟಾಪ್ ಒಂದು ರಾತ್ರಿ ಸದ್ದಿಲ್ಲದೆ ನಿಂತುಹೋಯಿತು. ಬೆಳಿಗ್ಗೆ ಬಟನ್ ಒತ್ತಿದರೆ ಫ್ಯಾನ್ ತಿರುಗಲಿಲ್ಲ, ದೀಪ ಹತ್ತಲಿಲ್ಲ. ರಿಪೇರಿಗೆ ತೋರಿಸಿದಾಗ ಹತ್ತೇ ನಿಮಿಷದಲ್ಲಿ ಉತ್ತರ ಬಂತು: ‘ಬೋರ್ಡ್ ಹೋಗಿದೆ, ಬೇರೆ ಹಾಕಬೇಕು.’ ಬೋರ್ಡ್ ಅಂದರೆ ಮದರ್‌ಬೋರ್ಡ್, ಎಲ್ಲ ಭಾಗಗಳೂ ಸೇರುವ ಮುಖ್ಯ ಹಲಗೆ. ಮೀಟರ್ ಮುಟ್ಟಿಸಿ ನೋಡಿದ ಹಾಗೂ ಇರಲಿಲ್ಲ. ಅದನ್ನು ಮನೆಗೆ ತಂದು ಮೂರು ಸಂಜೆ ಅದರ ಮುಂದೆ ಕೂತೆ. ಕೊನೆಗೆ ಸಿಕ್ಕಿದ್ದು ಸಾಸಿವೆ ಕಾಳಿನಷ್ಟು ದೊಡ್ಡ ಒಂದು ಕೆಪಾಸಿಟರ್, ಅಂದರೆ ಕರೆಂಟನ್ನು ಸ್ವಲ್ಪ ಹೊತ್ತು ಹಿಡಿದಿಡುವ ಬಿಡಿಭಾಗ. ಅದೊಂದನ್ನು ಕಿತ್ತ ಮೇಲೆ ಬೋರ್ಡ್ ಎದ್ದು ಕೂತಿತು.

ಒಂದು ಬೋರ್ಡಿನಲ್ಲಿ ನೂರಾರು ಬಿಡಿಭಾಗಗಳಿರುತ್ತವೆ. ಅವೆಲ್ಲ ಒಟ್ಟಿಗೆ ಸಾಯುವುದಿಲ್ಲ. ಒಂದೋ ಎರಡೋ ಕೆಡುತ್ತವೆ, ಉಳಿದವು ಕರೆಂಟಿಗೆ ಕಾಯುತ್ತಾ ಕೂತಿರುತ್ತವೆ. ಹಾಗಾಗಿ ನಾನು ಮಾಡುವುದು ಒಂದೇ ಕೆಲಸ. ಚಾರ್ಜರ್ ಚುಚ್ಚುವ ಜಾಗದಿಂದ ಹೊರಟು ಕರೆಂಟ್ ಎಲ್ಲಿಯವರೆಗೆ ಬಂದಿದೆ, ಎಲ್ಲಿ ನಿಂತಿದೆ ಅಂತ ಒಂದೊಂದೇ ಹೆಜ್ಜೆ ಹುಡುಕುತ್ತಾ ಹೋಗುವುದು. ಇದರಲ್ಲಿ ಮುಕ್ಕಾಲು ಪಾಲು ಒಂದು ಡಿಜಿಟಲ್ ಮಲ್ಟಿಮೀಟರಿನಲ್ಲೇ ಆಗುತ್ತದೆ. ಬೆಸುಗೆ ಹಾಕುವ ಸೋಲ್ಡರಿಂಗ್ ಐರನ್ ಕೊನೆಗೆ ಬೇಕಾಗುವ ಸಾಮಾನು. ಮೊದಲೇ ಕಾಯಿಸಿ ಇಟ್ಟುಕೊಂಡರೆ ಕೈ ಸುಮ್ನೆ ಇರುವುದಿಲ್ಲ, ಬೇಡದ್ದನ್ನೆಲ್ಲ ಕೀಳುತ್ತದೆ.

ಬಿಚ್ಚುವ ಮೊದಲು

ಮೊದಲು ಚಾರ್ಜರ್ ನೋಡಿ. ಎಷ್ಟು ವೋಲ್ಟ್ ಕೊಡಬೇಕು ಅಂತ ಅದರ ಲೇಬಲ್ ಮೇಲೆ ಇರುತ್ತದೆ, ಸಾಮಾನ್ಯವಾಗಿ 19, 19.5 ಅಥವಾ 20. ಮೀಟರನ್ನು ಡಿಸಿ ವೋಲ್ಟಿಗೆ ಹಾಕಿ, ಪಿನ್ನಿನ ಒಳಭಾಗಕ್ಕೆ ಕೆಂಪು ಪ್ರೋಬ್, ಹೊರ ಸುತ್ತಿಗೆ ಕಪ್ಪು ಪ್ರೋಬ್ ಮುಟ್ಟಿಸಿ. ಕೆಲವು ಪಿನ್ನುಗಳ ನಡುವೆ ತೆಳ್ಳಗಿನ ಸೂಜಿ ಇರುತ್ತದೆ. ಅದು ‘ನಾನು ಇಂಥ ಚಾರ್ಜರ್’ ಅಂತ ಲ್ಯಾಪ್‌ಟಾಪಿಗೆ ಹೇಳುವ ತಂತಿ. ಅಂಥದ್ದರಲ್ಲಿ ವೋಲ್ಟ್ ಸಿಗುವುದು ಒಳಗೋಡೆಯಲ್ಲಿ. ಮೀಟರಿನಲ್ಲಿ ಸರಿಯಾಗಿ 19 ತೋರಿಸಿ, ಲೋಡ್ ಬಿದ್ದ ಕೂಡಲೇ ಕುಸಿಯುವ ಚಾರ್ಜರ್‌ಗಳೂ ಇವೆ. ಆದ್ದರಿಂದ ಅದೇ ವೋಲ್ಟಿನ ಇನ್ನೊಂದು ಚಾರ್ಜರ್ ಸಿಕ್ಕರೆ ಅದರಲ್ಲೂ ಹಾಕಿ ನೋಡಿ. ಚಾರ್ಜರಿನ ಡಬ್ಬಿಯನ್ನು ಮಾತ್ರ ಬಿಚ್ಚಬೇಡಿ. ಅದರೊಳಗೆ ಗೋಡೆಯ ಕರೆಂಟ್ ಇರುತ್ತದೆ, ಪ್ಲಗ್ ಕಿತ್ತ ಮೇಲೂ ಸ್ವಲ್ಪ ಹೊತ್ತು ಹೊಡೆಯುವಷ್ಟು ಉಳಿದಿರುತ್ತದೆ.

ಈಗ ಚಾರ್ಜರಿನ ದೀಪದ ಮೇಲೆ ಕಣ್ಣಿಟ್ಟು ಲ್ಯಾಪ್‌ಟಾಪಿಗೆ ಚುಚ್ಚಿ. ಚುಚ್ಚಿದ ತಕ್ಷಣ ದೀಪ ಆರಿದರೆ ಅಥವಾ ಮಿಣುಕತೊಡಗಿದರೆ, ಒಳಗೆ ಎಲ್ಲೋ ಶಾರ್ಟ್ (ಕರೆಂಟ್ ಹೋಗಬೇಕಾದ ದಾರಿ ಬಿಟ್ಟು ಅಡ್ಡದಾರಿಯಲ್ಲಿ ನೇರ ವಾಪಸ್ ಹರಿಯುವುದು) ಇದೆ, ಚಾರ್ಜರ್ ತನ್ನನ್ನು ತಾನು ಕಾಪಾಡಿಕೊಳ್ಳುತ್ತಿದೆ ಅಂತ ಅರ್ಥ. ದೀಪ ಆರಲಿಲ್ಲ ಅಂದ ಮಾತ್ರಕ್ಕೆ ಶಾರ್ಟ್ ಇಲ್ಲ ಅಂತಲ್ಲ. ಅದು ಯಾಕೆ ಅಂತ ಮುಂದೆ ಬರುತ್ತದೆ.

ಯುಎಸ್‌ಬಿ-ಸಿ ಚಾರ್ಜರ್ ಆದರೆ ನಡುವೆ ಹಾಕುವ ಸಣ್ಣ ಮೀಟರ್ ಒಂದು ತುಂಬಾ ಕೆಲಸಕ್ಕೆ ಬರುತ್ತದೆ. ಯುಎಸ್‌ಬಿ-ಸಿ ಮೊದಲು 5 ವೋಲ್ಟ್ ಮಾತ್ರ ಕೊಡುತ್ತದೆ. ಬೋರ್ಡಿನಲ್ಲಿರುವ ಒಂದು ಚಿಪ್ ಚಾರ್ಜರ್ ಜೊತೆ ಮಾತಾಡಿ ಒಪ್ಪಿಸಿದ ಮೇಲೆ ಅದು 20ಕ್ಕೆ ಏರುತ್ತದೆ. ಮೀಟರ್ 5ರಲ್ಲೇ ನಿಂತಿದ್ದರೆ ಆ ಮಾತುಕತೆಯೇ ಆಗಿಲ್ಲ. ಪೋರ್ಟ್ ಹಾಳಾಗಿರಬಹುದು, ಆ ಚಿಪ್ ಕೆಟ್ಟಿರಬಹುದು, ಅಥವಾ ಆ ಚಿಪ್ಪಿಗೆ ಬೇಕಾದ 3.3 ವೋಲ್ಟ್ ಬರದೇ ಇರಬಹುದು.

ಇಷ್ಟಾದ ಮೇಲೆ ಚಾರ್ಜರ್ ಕಿತ್ತು, ಬ್ಯಾಟರಿ ತೆಗೆಯಲು ಬಂದರೆ ತೆಗೆದು, ಪವರ್ ಬಟನ್ನನ್ನು 30 ಸೆಕೆಂಡ್ ಒತ್ತಿ ಹಿಡಿಯಿರಿ. ಆಮೇಲೆ ಬರೀ ಚಾರ್ಜರಿನಲ್ಲಿ ಆನ್ ಮಾಡಿ. ಆನ್, ಆಫ್ ನೋಡಿಕೊಳ್ಳುವ ಬೋರ್ಡಿನ ಕಂಟ್ರೋಲರ್ ಚಿಪ್ ಯಾವುದೋ ಸ್ಥಿತಿಯಲ್ಲಿ ಸಿಕ್ಕಿಹಾಕಿಕೊಂಡಿದ್ದರೆ ಇಷ್ಟಕ್ಕೇ ಏಳುತ್ತದೆ. ಫ್ಯಾನ್ ತಿರುಗುತ್ತಿದೆ, ಪರದೆ ಮಾತ್ರ ಕಪ್ಪು ಅಂದರೆ ಹೊರಗಿನ ಮಾನಿಟರ್ ಹಾಕಿ ನೋಡಿ. ಅಲ್ಲಿ ಚಿತ್ರ ಬಂದರೆ ನಿಮ್ಮ ಬೋರ್ಡ್ ಜೀವಂತ ಇದೆ.

ಬಿಚ್ಚಿದ ಮೇಲೆ ಕಣ್ಣಿಗೆ ಕೆಲಸ

ಒಂದು ಹಾಳೆಯ ಮೇಲೆ ಲ್ಯಾಪ್‌ಟಾಪಿನ ತಳದ ಆಕಾರ ಬರೆದು, ಯಾವ ಸ್ಕ್ರೂ ಎಲ್ಲಿಯದೋ ಅಲ್ಲಲ್ಲೇ ಚುಚ್ಚಿಡಿ. ಉದ್ದದ ಸ್ಕ್ರೂವನ್ನು ಗಿಡ್ಡದರ ಜಾಗಕ್ಕೆ ತಿರುಗಿಸಿದರೆ ಅದು ಬೋರ್ಡನ್ನೇ ಕೊರೆಯುತ್ತದೆ. ಮುಚ್ಚಳ ತೆಗೆದ ತಕ್ಷಣ ಮಾಡುವ ಮೊದಲ ಕೆಲಸ ಬ್ಯಾಟರಿಯ ಕನೆಕ್ಟರ್ ಬಿಡಿಸುವುದು. ಬ್ಯಾಟರಿ ಉಬ್ಬಿದ್ದರೆ ಮೀಟುವ, ಒತ್ತುವ ಕೆಲಸ ಬೇಡ. ಅದಕ್ಕೆ ಏನಾದರೂ ಚುಚ್ಚಿ ತೂತಾದರೆ ಬೆಂಕಿ ಹಿಡಿಯಬಹುದು. ನೀವು ಸ್ಥಿರ ವಿದ್ಯುತ್ತನ್ನು ಕಳೆಯಲು ಒಂದು ಮಣಿಕಟ್ಟಿನ ಪಟ್ಟಿ ಹಾಕಿಕೊಂಡರೆ ಒಳ್ಳೆಯದು. ಇಲ್ಲದಿದ್ದರೆ ಉಣ್ಣೆ ಬಟ್ಟೆ, ಕಾರ್ಪೆಟ್ ಇಲ್ಲದ ಜಾಗದಲ್ಲಿ ಕೂತು, ಆಗಾಗ ಲೋಹದ ದೊಡ್ಡ ವಸ್ತುವನ್ನು ಮುಟ್ಟಿ.

ಇನ್ನು ಭೂತಗನ್ನಡಿ ಮತ್ತು ಟಾರ್ಚ್. ಬೆಳಕನ್ನು ಮೇಲಿನಿಂದ ಬಿಡಬೇಡಿ, ಪಕ್ಕದಿಂದ ಓರೆಯಾಗಿ ಬಿಡಿ. ಬಿರುಕು ಬಿಟ್ಟ ಕೆಪಾಸಿಟರಿನ ನೆರಳು ಆಗಲೇ ಕಾಣುವುದು. ಐಸಿಯ, ಅಂದರೆ ಕಪ್ಪು ಚಿಪ್ಪಿನ, ಮೇಲೆ ಸಣ್ಣ ಗುಳ್ಳೆ ಎದ್ದಿದೆಯಾ, ಸುಟ್ಟ ಕಂದು ಕಲೆ ಇದೆಯಾ, ಕಾಲುಗಳ ನಡುವೆ ಹಸಿರೋ ಬಿಳಿಯೋ ಪುಡಿ ಇದೆಯಾ ನೋಡಿ. ಮೂಗನ್ನೂ ಹತ್ತಿರ ತನ್ನಿ. ಸುಟ್ಟ ಚಿಪ್ಪಿನ ವಾಸನೆ ವಾರಗಟ್ಟಲೆ ಉಳಿದಿರುತ್ತದೆ.

ಹಸಿರು ಪುಡಿ ಅಂದರೆ ನೀರೋ ಕಾಫಿಯೋ ಬಿದ್ದಿದೆ. ಚೆಲ್ಲಿದವರಿಗೆ ಎಷ್ಟೋ ಸಲ ನೆನಪೇ ಇರುವುದಿಲ್ಲ. ನೀರಿಗಿಂತ ಜಾಸ್ತಿ ಹಾಳು ಮಾಡುವುದು ನೀರು ಮತ್ತು ಕರೆಂಟ್ ಎರಡೂ ಒಟ್ಟಿಗೆ ಇರುವುದು. ತಾಮ್ರವನ್ನು ಅದು ದಿನದಿನಕ್ಕೆ ತಿನ್ನುತ್ತಾ ಹೋಗುತ್ತದೆ. ಆದ್ದರಿಂದ ಹೊರಗೆ ಒಣಗಿದ ಹಾಗೆ ಕಂಡರೂ ಆನ್ ಮಾಡಬೇಡಿ. 99 ಶೇಕಡಾ ಐಸೊಪ್ರೊಪೈಲ್ ಆಲ್ಕೋಹಾಲ್, ಒಂದು ಮೆತ್ತನೆಯ ಹಲ್ಲುಜ್ಜುವ ಬ್ರಷ್, ಇಷ್ಟರಲ್ಲಿ ಆ ಜಾಗವನ್ನು ಉಜ್ಜಿ ತೊಳೆಯಿರಿ. ನನಗೆ ಸಿಕ್ಕಿದ ಒಂದು ಬೋರ್ಡಿನಲ್ಲಿ ಕೀಬೋರ್ಡ್ ಕನೆಕ್ಟರಿನ ಪಕ್ಕ ಕೂದಲಿನಷ್ಟು ತೆಳುವಾದ ಒಂದು ಹಸಿರು ಗೆರೆ, ಒಂದು ಪಿನ್ನಿನಿಂದ ಪಕ್ಕದ ಪಿನ್ನಿಗೆ ಸೇತುವೆ ಕಟ್ಟಿತ್ತು. ತೊಳೆದು ಒಣಗಿಸಿದೆ, ಅಷ್ಟೇ. ಐರನ್ ಬೇಕೇ ಆಗಲಿಲ್ಲ.

ಶಾರ್ಟ್ ಹುಡುಕುವುದು

ಚಾರ್ಜರ್ ಇಲ್ಲ, ಬ್ಯಾಟರಿ ಇಲ್ಲ. ಮೀಟರ್ ಓಮ್‌ನಲ್ಲಿ. ಕಪ್ಪು ಪ್ರೋಬ್ ಗ್ರೌಂಡಿಗೆ, ಅಂದರೆ ಸ್ಕ್ರೂ ತೂತಿನ ಸುತ್ತ ಇರುವ ಲೋಹದ ಉಂಗುರಕ್ಕೆ. ಮೊದಲು ಎರಡೂ ಪ್ರೋಬನ್ನು ಒಂದಕ್ಕೊಂದು ಮುಟ್ಟಿಸಿ. 0.2 ಅಥವಾ 0.3 ಓಮ್ ತೋರಿಸಿದರೆ ಅದು ತಂತಿಯದೇ ಓಮ್. ಲೆಕ್ಕದಲ್ಲಿ ಕಳೆಯಿರಿ.

ಜ್ಯಾಕಿನಿಂದ ಬಂದ 19 ವೋಲ್ಟ್ ನೇರವಾಗಿ ಬೋರ್ಡಿಗೆಲ್ಲ ಹರಿಯುವುದಿಲ್ಲ. ನಡುವೆ ಎಂಟು ಕಾಲಿನ ಎರಡು ಮಾಸ್ಫೆಟ್‌ಗಳು, ಅಂದರೆ ಕರೆಂಟನ್ನು ಬಿಡುವ, ತಡೆಯುವ ಸ್ವಿಚ್ಚುಗಳು ಇರುತ್ತವೆ. ಚಾರ್ಜಿಂಗ್ ಐಸಿ ಎಲ್ಲ ಸರಿ ಇದೆ ಅಂತ ನೋಡಿದ ಮೇಲೆ ಆ ಬಾಗಿಲುಗಳನ್ನು ತೆಗೆಯುತ್ತದೆ. ಬಾಗಿಲಿನ ಆಚೆ ಶಾರ್ಟ್ ಇದ್ದರೆ ಎಷ್ಟೋ ಬೋರ್ಡುಗಳಲ್ಲಿ ಬಾಗಿಲು ತೆರೆಯುವುದೇ ಇಲ್ಲ. ಚಾರ್ಜರಿಗೆ ಶಾರ್ಟ್ ಇರುವುದೇ ಗೊತ್ತಾಗುವುದಿಲ್ಲ, ಅದರ ದೀಪ ಹಾಯಾಗಿ ಉರಿಯುತ್ತಿರುತ್ತದೆ. ಅದಕ್ಕೇ ದೀಪವನ್ನು ಪೂರ್ತಿ ನಂಬಬೇಡಿ ಅಂದದ್ದು.

ಮಾಸ್ಫೆಟ್‌ಗಳ ಆಸುಪಾಸಿನಲ್ಲೇ ಆರ್010 ಅಥವಾ ಆರ್005 ಅಂತ ಬರೆದ ಒಂದು ದಪ್ಪ ರೆಸಿಸ್ಟರ್ ಹುಡುಕಿ. ಎಷ್ಟು ಕರೆಂಟ್ ಹೋಗುತ್ತಿದೆ ಅಂತ ಅಳೆಯಲು ಹಾಕಿದ್ದು ಅದು. ಆರ್010 ಅಂದರೆ 0.010 ಓಮ್. ಅದು 19 ವೋಲ್ಟ್ ಲೈನಿನ, ಅಂದರೆ ಆ 19 ವೋಲ್ಟ್ ಹೋಗುವ ದಾರಿಯ, ಮೇಲೇ ಕೂತಿರುತ್ತದೆ. ಅದರ ತುದಿಗೆ ಕೆಂಪು ಪ್ರೋಬ್ ಮುಟ್ಟಿಸಿ. ಒಳ್ಳೆಯ ಬೋರ್ಡಿನಲ್ಲಿ ಕೆಪಾಸಿಟರುಗಳು ತುಂಬುತ್ತಾ ಸಂಖ್ಯೆ ಮೇಲೇರಿ, ಸಾಮಾನ್ಯವಾಗಿ ಹತ್ತಾರು ಕಿಲೋ ಓಮ್ ಅಥವಾ ಅದಕ್ಕಿಂತ ಮೇಲೆ ನಿಲ್ಲುತ್ತದೆ. ಅಲ್ಲಿ 1 ಓಮೋ 2 ಓಮೋ ಬಂದು ಅಲ್ಲಾಡದೆ ನಿಂತರೆ ಶಾರ್ಟ್ ಸಿಕ್ಕಿತು.

ಹಾಗೇ ಬೋರ್ಡಿನ ಮೇಲೆ ಚೌಕಾಕಾರದ ಬೂದು ಅಥವಾ ಕಪ್ಪು ಕಾಯಿಲ್‌ಗಳು ಕಾಣುತ್ತವೆ. ಪ್ರತಿ ಕಾಯಿಲ್ ಒಂದೊಂದು ಲೈನಿನ ಹೊರಬಾಗಿಲು. 3.3 ವೋಲ್ಟಿನದು, 5 ವೋಲ್ಟಿನದು, ರ‍್ಯಾಮಿನದು, ಸಿಪಿಯುವಿನದು. ಒಂದೊಂದನ್ನೂ ಗ್ರೌಂಡಿಗೆ ಅಳೆದು ನೋಟ್‌ಬುಕ್ಕಿನಲ್ಲಿ ಬರೆಯಿರಿ. ಇಲ್ಲಿ ಹೊಸಬರು ಎಡವುವ ಒಂದು ಜಾಗ ಇದೆ. ಮೀಟರನ್ನು ಬೀಪ್‌ನಲ್ಲಿಟ್ಟು ಸಿಪಿಯು ಪಕ್ಕದ ಕಾಯಿಲ್‌ಗೆ ಮುಟ್ಟಿಸುತ್ತಾರೆ, ಬೀಪ್ ಅನ್ನುತ್ತದೆ, ಸಿಪಿಯು ಶಾರ್ಟ್ ಅಂದುಬಿಡುತ್ತಾರೆ. ಸಿಪಿಯು ಲೈನಿನ ಓಮ್ ಹುಟ್ಟಿನಿಂದಲೇ ತುಂಬಾ ಕಡಿಮೆ. ಕೆಲವೇ ಓಮ್ ಇರಬಹುದು, ಕೆಲವು ಬೋರ್ಡುಗಳಲ್ಲಿ 1ಕ್ಕಿಂತ ಕಡಿಮೆ. ಗ್ರಾಫಿಕ್ಸ್ ಚಿಪ್ಪಿನದೂ ಹಾಗೇ. ಆದ್ದರಿಂದ ಬೀಪ್ ಬಿಡಿ, ಓಮ್ ಓದಿ. 3.3 ಮತ್ತು 5 ವೋಲ್ಟಿನ ಕಾಯಿಲ್‌ಗಳಲ್ಲಿ ಮಾತ್ರ ಸಾವಿರಗಳಲ್ಲಿ ಇರಬೇಕಾದದ್ದು ಒಂದೆರಡು ಓಮ್‌ಗೆ ಬಿದ್ದಿದ್ದರೆ ಅದು ಖಂಡಿತ ತೊಂದರೆ.

ಶಾರ್ಟ್ ಇದೆ ಸರಿ, ಯಾವುದು? ಒಂದೇ ಲೈನಿನ ಮೇಲೆ ಇಪ್ಪತ್ತು, ಮೂವತ್ತು ಕೆಪಾಸಿಟರ್ ಇರುತ್ತವೆ. ಎಲ್ಲದರ ಒಂದು ತುದಿ ಅದೇ ಲೈನಿಗೆ, ಇನ್ನೊಂದು ತುದಿ ಗ್ರೌಂಡಿಗೆ ಸೇರಿರುವುದರಿಂದ ಯಾವುದಕ್ಕೆ ಪ್ರೋಬ್ ಇಟ್ಟರೂ ಮೀಟರ್ ಒಂದೇ ಉತ್ತರ ಕೊಡುತ್ತದೆ. ಒಂದೊಂದಾಗಿ ಕಿತ್ತು ನೋಡುವುದು ಬೋರ್ಡಿಗೆ ಹಿಂಸೆ. ಇದಕ್ಕೆ ಒಂದು ಚಂದದ ಉಪಾಯ ಇದೆ. ಶಾರ್ಟ್ ಆದ ಭಾಗದ ಮೂಲಕವೇ ಕರೆಂಟ್ ಹರಿಸಿದರೆ ಅದು ಬಿಸಿಯಾಗಿ ತಾನೇ ತೋರಿಸಿಕೊಳ್ಳುತ್ತದೆ, ಅಲ್ವಾ?

ಇದಕ್ಕೆ ವೋಲ್ಟ್ ಮತ್ತು ಆಂಪಿಯರ್ ಎರಡನ್ನೂ ಹಿಡಿತದಲ್ಲಿಡಬಹುದಾದ ಬೆಂಚ್ ಪವರ್ ಸಪ್ಲೈ ಬೇಕು. ಮೈನಸ್ ತಂತಿ ಗ್ರೌಂಡಿಗೆ, ಪ್ಲಸ್ ತಂತಿ ಶಾರ್ಟ್ ಆದ ಲೈನಿಗೆ. ವೋಲ್ಟನ್ನು 1ಕ್ಕೆ ಇಡಿ, ಕರೆಂಟಿನ ಮಿತಿಯನ್ನು 1 ಆಂಪಿಯರಿನಿಂದ ಶುರು ಮಾಡಿ. 19 ವೋಲ್ಟ್ ಲೈನ್ ತಾನೇ, 19 ಕೊಟ್ಟರೆ ಏನು ಅಂತ ಅನ್ನಿಸಬಹುದು. ಖಂಡಿತ ಕೊಡಬೇಡಿ. ಸಿಪಿಯುಗೆ ಕರೆಂಟ್ ಇಳಿಸಿ ಕೊಡುವ ಮಾಸ್ಫೆಟ್ ಸುಟ್ಟು ಒಳಗೇ ಅಂಟಿಕೊಂಡಿದ್ದರೆ, 19 ವೋಲ್ಟ್ ಲೈನ್ ಸಿಪಿಯುವಿಗೆ ನೇರವಾಗಿ ಸೇರಿಕೊಂಡಿರುತ್ತದೆ. ಆಗ ನೀವು ಕೊಟ್ಟದ್ದೆಲ್ಲ ಸಿಪಿಯುಗೆ ಹೋಗುತ್ತದೆ. 1 ವೋಲ್ಟನ್ನು ಸಿಪಿಯು ತಡೆಯಬಲ್ಲದು, 19 ಅಂದರೆ ಆ ಕ್ಷಣಕ್ಕೇ ಮುಗಿಯಿತು. ಅದಕ್ಕೇ ತಂತಿ ಜೋಡಿಸುವ ಮುಂಚೆ ಆರ್010 ರೆಸಿಸ್ಟರಿನಿಂದ ಸಿಪಿಯು ಕಾಯಿಲ್‌ಗೆ ಓಮ್ ಅಳೆಯಿರಿ. ಅಲ್ಲಿ ಸೊನ್ನೆ ಬಂದರೆ ತೊಂದರೆ ಆ ಮಾಸ್ಫೆಟ್‌ನಲ್ಲೇ ಇದೆ. ಕರೆಂಟ್ ಕೊಡುವ ಅಗತ್ಯವೇ ಇಲ್ಲ.

ಅಕ್ಕನ ಬೋರ್ಡಿನಲ್ಲಿ ಹೀಗಾಯಿತು. 19 ವೋಲ್ಟ್ ಲೈನ್ 0.8 ಓಮ್ ತೋರಿಸುತ್ತಿತ್ತು. 1 ವೋಲ್ಟ್ ಕೊಟ್ಟೆ, ಸಪ್ಲೈ 1 ಆಂಪಿಯರಿನ ಮಿತಿಯಲ್ಲಿ ನಿಂತಿತು. ಬೆರಳು ಆಡಿಸಿದರೆ ಯಾವುದೂ ಬಿಸಿ ಅನ್ನಿಸಲಿಲ್ಲ. ಬ್ರಷ್ಷಿನಿಂದ ಆ ಭಾಗಕ್ಕೆಲ್ಲ ಐಸೊಪ್ರೊಪೈಲ್ ಬಳಿದೆ. ಕೆಪಾಸಿಟರುಗಳ ಸಾಲು ಒದ್ದೆಯಾಗಿ ಹೊಳೆಯುತ್ತಿತ್ತು. ಮಿತಿಯನ್ನು 2 ಆಂಪಿಯರಿಗೆ ಏರಿಸಿ, ವೋಲ್ಟನ್ನು 1.5ರ ಹತ್ತಿರ ತಂದು ಕಣ್ಣು ಮಿಟುಕಿಸದೆ ನೋಡುತ್ತಾ ಕೂತೆ. ನಾಲ್ಕೈದು ಸೆಕೆಂಡಿನಲ್ಲಿ ಚಾರ್ಜಿಂಗ್ ಐಸಿಯ ಹಿಂದಿದ್ದ ಒಂದು ಕೆಪಾಸಿಟರಿನ ಮೇಲಿನ ಹೊಳಪು ಹೋಯಿತು. ಅದರ ಸುತ್ತ ಒಣಗಿದ ವೃತ್ತ ಒಂದು ನಿಧಾನಕ್ಕೆ ಹರಡಿತು. ಅಕ್ಕಪಕ್ಕದವೆಲ್ಲ ಇನ್ನೂ ಒದ್ದೆ. ಮತ್ತೆ ಬಳಿದೆ. ಮತ್ತೆ ಅದೇ ಮೊದಲು ಒಣಗಿತು. ಭೂತಗನ್ನಡಿಯಲ್ಲಿ ನೋಡಿದಾಗಲೂ ಅದರ ಮೈಮೇಲೆ ಒಂದು ಗೀರು ಕೂಡ ಇರಲಿಲ್ಲ.

ಈ ಸೆರಾಮಿಕ್ ಕೆಪಾಸಿಟರುಗಳು ಪದರದ ಮೇಲೆ ಪದರ ಇಟ್ಟು ಮಾಡಿದವು. ಬೋರ್ಡ್ ಸ್ವಲ್ಪ ಬಾಗಿದರೆ ಒಳಗೆ ಬಿರುಕು ಬಿಡುತ್ತದೆ, ಪದರಗಳು ಒಂದಕ್ಕೊಂದು ತಾಗುತ್ತವೆ. ಹೊರಗೆ ಏನೂ ಕಾಣುವುದಿಲ್ಲ. ತೆರೆದ ಲ್ಯಾಪ್‌ಟಾಪನ್ನು ಒಂದು ಮೂಲೆ ಹಿಡಿದು ಎತ್ತುವ ಅಭ್ಯಾಸ ಇರುವವರು ಇದನ್ನು ನೆನಪಿಟ್ಟುಕೊಳ್ಳಿ.

ಐಸೊಪ್ರೊಪೈಲ್ ಬೇಗ ಬೆಂಕಿ ಹಿಡಿಯುತ್ತದೆ. ಅದು ಬಳಿದಾಗ ಐರನ್, ಬಿಸಿಗಾಳಿ ಊದುವ ಹಾಟ್ ಏರ್ ಯಂತ್ರ ಎರಡೂ ಆಫ್ ಇರಲಿ, ಕಿಟಕಿ ತೆರೆದಿರಲಿ.

ಕೀಳುವುದು, ಹಾಕುವುದು

ಯುರೋಪಿನಲ್ಲಿ 2006ರ ಜುಲೈನಿಂದ ಎಲೆಕ್ಟ್ರಾನಿಕ್ಸ್‌ನಲ್ಲಿ ಸೀಸಕ್ಕೆ ಮಿತಿ ಬಂತು. ಅಲ್ಲಿಂದೀಚೆಗಿನ ಲ್ಯಾಪ್‌ಟಾಪ್ ಬೋರ್ಡುಗಳಲ್ಲಿ ಸಾಮಾನ್ಯವಾಗಿ ಸೀಸವಿಲ್ಲದ ಸೋಲ್ಡರ್ (ಬೆಸುಗೆಯ ಲೋಹ) ಇರುತ್ತದೆ. ಅದು ಕರಗಲು ಸುಮಾರು 217 ಡಿಗ್ರಿ ಬೇಕು. 63 ಪಾಲು ತವರ, 37 ಪಾಲು ಸೀಸ ಇರುವ ಹಳೆಯ 63/37 ಸೋಲ್ಡರ್ 183ಕ್ಕೇ ಕರಗುತ್ತದೆ. ಜೊತೆಗೆ ಕೆಪಾಸಿಟರಿನ ಒಂದು ತುದಿ ಗ್ರೌಂಡಿನ ದೊಡ್ಡ ತಾಮ್ರದ ಹಾಳೆಗೆ ಸೇರಿರುತ್ತದೆ, ಅದು ಬಿಸಿಯನ್ನೆಲ್ಲ ಕುಡಿದುಬಿಡುತ್ತದೆ. ಆದ್ದರಿಂದ ಮೊದಲು ಸೋಲ್ಡರ್ ಸಲೀಸಾಗಿ ಹರಿಯುವಂತೆ ಮಾಡುವ ಫ್ಲಕ್ಸ್ ಹಚ್ಚಿ, ಎರಡೂ ತುದಿಗೆ ಸ್ವಲ್ಪ ಸೀಸದ ಸೋಲ್ಡರ್ ಬೆರೆಸಿ. ಎರಡೂ ಬೆರೆತರೆ ಕಡಿಮೆ ಬಿಸಿಗೇ ಕರಗುತ್ತದೆ. ಆಮೇಲೆ ಅಗಲ ತುದಿಯ ಐರನ್ನನ್ನು ಎರಡೂ ಕಡೆ ತಾಗುವಂತೆ ಇಟ್ಟರೆ ಕೆಪಾಸಿಟರ್ ತಾನೇ ತೇಲಿ ಬರುತ್ತದೆ. ಚಿಮಟದಿಂದ ಎಳೆಯಬೇಡಿ. ಎಳೆದರೆ ಕೆಳಗಿನ ತಾಮ್ರದ ಪ್ಯಾಡೇ ಎದ್ದು ಬರುತ್ತದೆ, ಆಮೇಲೆ ಅದನ್ನು ಕಟ್ಟುವುದು ಕಷ್ಟ. ಮುಗಿದ ಮೇಲೆ ಕೈ ತೊಳೆಯಿರಿ, ಸೀಸ ಅದು.

ತೆಗೆದ ಮೇಲೆ ಲೈನನ್ನು ಮತ್ತೆ ಅಳೆಯಿರಿ. ಅಕ್ಕನದರಲ್ಲಿ 0.8 ಇದ್ದದ್ದು ಏರುತ್ತಾ ಹೋಗಿ 90 ಕಿಲೋ ಓಮ್ ಹತ್ತಿರ ನಿಂತಿತು. 19 ವೋಲ್ಟ್ ಲೈನಿನ ಗುಂಪಿನಲ್ಲಿ ಒಂದು ಕೆಪಾಸಿಟರ್ ಇಲ್ಲದಿದ್ದರೂ ಪರೀಕ್ಷೆಗೆ ಆನ್ ಮಾಡಿ ನೋಡಬಹುದು. ಆದರೆ ಹಾಗೇ ಮುಚ್ಚಬೇಡಿ. ಅದೇ ಅಳತೆಯದನ್ನು ಹಾಕಿ. 19 ವೋಲ್ಟ್ ಲೈನಿಗೆ ಕನಿಷ್ಠ 25 ವೋಲ್ಟ್ ತಡೆಯುವಂಥದ್ದು ಬೇಕು. ಹಾಳಾದ ಇನ್ನೊಂದು ಬೋರ್ಡಿನ ಅದೇ ಲೈನಿನಿಂದ ಕಿತ್ತು ಹಾಕುವುದು ನನ್ನ ಅಭ್ಯಾಸ.

ಓವನ್ನಿನಲ್ಲಿಟ್ಟು ಬೇಯಿಸುವುದು, ದೊಡ್ಡ ಚಿಪ್ಪಿಗೆ ಹಾಟ್ ಏರ್ ಬಿಟ್ಟು ‘ಮರಳಿ ಕೂರಿಸುವುದು’, ಇವನ್ನು ನಾನು ಯಾರಿಗೂ ಹೇಳುವುದಿಲ್ಲ. ಕೆಲವು ದಿನ ನಡೆದ ಹಾಗೆ ಕಾಣುತ್ತದೆ, ಮತ್ತೆ ನಿಲ್ಲುತ್ತದೆ. ಅಷ್ಟರಲ್ಲಿ ಕನೆಕ್ಟರುಗಳೆಲ್ಲ ಕರಗಿ, ಸರಿಪಡಿಸಬಹುದಾಗಿದ್ದ ಬೋರ್ಡೂ ಕೈತಪ್ಪಿರುತ್ತದೆ.

ಶಾರ್ಟ್ ಇಲ್ಲ, ಆದರೂ ಏಳುತ್ತಿಲ್ಲ

ಇಲ್ಲಿಂದ ಮುಂದೆ ಚಾರ್ಜರ್ ಹಾಕಿ ಅಳೆಯಬೇಕು. ಐಸಿಯ ಕಾಲುಗಳ ಮೇಲೆ ಪ್ರೋಬ್ ಇಡಬೇಡಿ, ಆ ಲೈನಿನ ಕೆಪಾಸಿಟರಿನ ತುದಿಯನ್ನೋ ಕಾಯಿಲ್ಲನ್ನೋ ಹುಡುಕಿ ಅಲ್ಲಿಡಿ. ಒಂದು ಸಲ ನನ್ನ ಪ್ರೋಬ್ 19 ವೋಲ್ಟಿನ ಕಾಲಿನಿಂದ ಪಕ್ಕದ ಕಾಲಿಗೆ ಜಾರಿತು. ಟಿಕ್ ಅಂತ ಸಣ್ಣ ಸದ್ದು ಬಂತು. ಚಾರ್ಜಿಂಗ್ ಐಸಿ ಹೋಯಿತು. ಅಲ್ಲಿಯವರೆಗೆ ಅದು ಸರಿಯಾಗೇ ಇತ್ತು.

ನಾನು ಮೊದಲು ನೋಡುವುದು ಪವರ್ ಬಟನ್ನಿನ ಕನೆಕ್ಟರ್. ಎಷ್ಟೋ ಬೋರ್ಡುಗಳಲ್ಲಿ ಅಲ್ಲಿ ಒಂದು ಪಿನ್ನಿನಲ್ಲಿ 3.3 ವೋಲ್ಟ್ ಇರುತ್ತದೆ, ಬಟನ್ ಒತ್ತಿದಾಗ ಸೊನ್ನೆಗೆ ಬೀಳುತ್ತದೆ. 3.3 ಇದೆ, ಒತ್ತಿದರೆ ಬೀಳುತ್ತಿಲ್ಲ ಅಂದರೆ ಕೆಟ್ಟಿರುವುದು ಬಟನ್ ಅಥವಾ ಅದರ ರಿಬ್ಬನ್ ತಂತಿ. 3.3 ಬರುತ್ತಲೇ ಇಲ್ಲ ಅಂದರೆ ಹಿಂದಕ್ಕೆ ಹೋಗಬೇಕು. ಜ್ಯಾಕಿನಲ್ಲಿ 19 ಇದೆಯಾ? ಮಾಸ್ಫೆಟ್‌ಗಳ ಆಚೆ ಇದೆಯಾ? ಈಚೆ ಇದ್ದು ಆಚೆ ಇಲ್ಲ ಅಂದರೆ ಮಾಸ್ಫೆಟ್ ಅಥವಾ ಅದನ್ನು ತೆರೆಯುವ ಚಾರ್ಜಿಂಗ್ ಐಸಿಯ ಕಡೆ ನೋಡಿ. ಆಚೆಯೂ ಇದೆ ಅಂದರೆ 3.3 ಮತ್ತು 5 ವೋಲ್ಟ್ ತಯಾರಿಸುವ ಐಸಿ ಮುಂದಿನದು.

ಬಟನ್ ಒತ್ತಿದ ಸುದ್ದಿ ಮೊದಲು ಮುಟ್ಟುವುದು ಎಂಬೆಡೆಡ್ ಕಂಟ್ರೋಲರ್ ಅನ್ನುವ ಚಿಪ್ಪಿಗೆ, ಚಿಕ್ಕದಾಗಿ ಇಸಿ. ಅದು ಸಿಪಿಯು ಜೊತೆ ಉಳಿದ ಭಾಗಗಳನ್ನು ಜೋಡಿಸುವ ಚಿಪ್‌ಸೆಟ್ಟನ್ನು ಎಬ್ಬಿಸುತ್ತದೆ. ಚಿಪ್‌ಸೆಟ್ ಒಪ್ಪಿದ ಮೇಲೆ ರ‍್ಯಾಮಿನ ಲೈನ್ ಬರುತ್ತದೆ. ಡಿಡಿಆರ್4 ಆದರೆ 1.2 ವೋಲ್ಟ್, ಡಿಡಿಆರ್3ಎಲ್ ಆದರೆ 1.35. ಸಿಪಿಯು ಲೈನ್ ಬರುವುದು ಹೆಚ್ಚುಕಡಿಮೆ ಕೊನೆಗೆ. ಈ ಸಾಲಿನಲ್ಲಿ ಯಾವುದು ಬಂದಿದೆ, ಯಾವುದು ಬಂದಿಲ್ಲ ಅಂತ ಕಾಯಿಲ್‌ಗಳಲ್ಲೇ ಅಳೆದು ಗುರುತು ಹಾಕಿ. ಕೊನೆಗೆ ಬಂದ ಲೈನ್ ಮತ್ತು ಬರದೇ ಇರುವ ಮೊದಲ ಲೈನ್, ಈ ಎರಡರ ನಡುವೆ ನಿಮ್ಮ ತೊಂದರೆ ಇರುತ್ತದೆ. ಇಲ್ಲಿ ಬೋರ್ಡಿನ ಸ್ಕೀಮ್ಯಾಟಿಕ್, ಅಂದರೆ ಯಾವುದು ಯಾವುದಕ್ಕೆ ಸೇರಿದೆ ಅಂತ ತೋರಿಸುವ ನಕ್ಷೆ, ಬೇಕೇ ಬೇಕು. ಬೋರ್ಡಿನ ಮೇಲೆ ಅಚ್ಚಾಗಿರುವ ನಂಬರ್ ಹಿಡಿದು ಹುಡುಕಿ, ಲ್ಯಾಪ್‌ಟಾಪಿನ ಮಾಡೆಲ್ ಹೆಸರು ಹಿಡಿದಲ್ಲ. ಒಂದೇ ಮಾಡೆಲ್ಲಿನಲ್ಲಿ ಎರಡು ಮೂರು ಥರದ ಬೋರ್ಡ್ ಇರುತ್ತವೆ.

ದೀಪ ಹತ್ತುತ್ತದೆ, ಫ್ಯಾನ್ ತಿರುಗುತ್ತದೆ, ಚಿತ್ರ ಮಾತ್ರ ಇಲ್ಲ ಅಂದರೆ ಎಲ್ಲವನ್ನೂ ಬಿಡಿಸಿ. ಎಸ್‌ಎಸ್‌ಡಿ, ವೈಫೈ ಕಾರ್ಡ್, ಕೀಬೋರ್ಡ್. ಒಂದೇ ಒಂದು ರ‍್ಯಾಮ್ ಕಡ್ಡಿ ಇಡಿ, ಅದರ ಚಿನ್ನದ ಪಟ್ಟಿಗಳನ್ನು ಪೆನ್ಸಿಲ್ ರಬ್ಬರಿನಿಂದ ಮೆಲ್ಲಗೆ ಉಜ್ಜಿ, ಎರಡೂ ಸ್ಲಾಟಿನಲ್ಲಿ ಹಾಕಿ ನೋಡಿ. ಸಿಆರ್2032 ಥರದ ಗುಂಡು ಸೆಲ್ ಇದ್ದರೆ ತೆಗೆದು ಸ್ವಲ್ಪ ಹೊತ್ತು ಬಿಟ್ಟು ಹಾಕಿ. ಮೊದಲ ಸಲ ಆನ್ ಆಗಲು ಒಂದೆರಡು ನಿಮಿಷ ಹಿಡಿಯಬಹುದು, ಅವಸರದಲ್ಲಿ ಆಫ್ ಮಾಡಬೇಡಿ.

ಇದಾವುದಕ್ಕೂ ಬಗ್ಗದಿದ್ದರೆ ಬಯೋಸ್, ಅಂದರೆ ಆನ್ ಮಾಡಿದಾಗ ಮೊದಲು ಓಡುವ ಪ್ರೋಗ್ರಾಂ, ಕೆಟ್ಟಿರಬಹುದು. ಅದು ಇರುವ ಎಂಟು ಕಾಲಿನ ಚಿಪ್ಪಿಗೆ ಕ್ಲಿಪ್ ಹಾಕಿ ಪ್ರೋಗ್ರಾಮರ್ ಅನ್ನುವ ಸಣ್ಣ ಸಾಧನದಿಂದ ಓದಬಹುದು. ಹೊಸದನ್ನು ಬರೆಯುವ ಮುಂಚೆ ಹಳೆಯದನ್ನು ಎರಡು ಸಲ ಓದಿ, ಎರಡೂ ಫೈಲ್ ಒಂದೇ ಇವೆಯಾ ಅಂತ ಹೋಲಿಸಿ, ಜೋಪಾನವಾಗಿ ಇಡಿ. ಆ ಲ್ಯಾಪ್‌ಟಾಪಿನ ಸೀರಿಯಲ್ ನಂಬರ್, ವಿಂಡೋಸ್ ಕೀ ಅದರೊಳಗೇ ಇರುತ್ತವೆ. ಚಿಪ್ 3.3 ವೋಲ್ಟಿನದೋ 1.8ರದೋ ಅಂತ ಅದರ ಮೇಲಿನ ನಂಬರ್ ನೋಡಿ ಖಚಿತ ಮಾಡಿಕೊಳ್ಳಿ. 1.8ರ ಚಿಪ್ಪಿಗೆ ನೇರವಾಗಿ ಸಿಎಚ್341ಎ ಪ್ರೋಗ್ರಾಮರ್ ಹಾಕಿದರೆ ಚಿಪ್ ಸುಡಬಹುದು, ನಡುವೆ ಅಡಾಪ್ಟರ್ ಬೇಕು.

ಎಲ್ಲಿ ಕೈ ಬಿಡಬೇಕು ಅಂತಲೂ ಹೇಳಿಬಿಡುತ್ತೇನೆ. ಸಿಪಿಯು ಲೈನಿಗೆ 19 ವೋಲ್ಟ್ ನುಗ್ಗಿದ್ದರೆ, ಬೋರ್ಡಿನ ಒಳಪದರ ಸುಟ್ಟು ಕಪ್ಪಾಗಿದ್ದರೆ, ದೊಡ್ಡ ಚಿಪ್ ತೆಗೆದು ಹಾಕಬೇಕಾಗಿದ್ದರೆ ಅದು ಮನೆಯ ಮೇಜಿನ ಕೆಲಸ ಅಲ್ಲ. ಒಳಗೆ ಬೇಕಾದ ಫೈಲುಗಳಿದ್ದರೆ ಮೊದಲು ಅವನ್ನು ನೋಡಿ. ಬಿಡಿ ಎಸ್‌ಎಸ್‌ಡಿ ಆದರೆ ತೆಗೆದು ಬೇರೆ ಕಂಪ್ಯೂಟರಿಗೆ ಹಾಕಬಹುದು, ಫೈಲುಗಳಿಗೆ ಬೀಗ ಹಾಕುವ ವಿಂಡೋಸಿನ ಬಿಟ್‌ಲಾಕರ್ ಇದ್ದರೆ ರಿಕವರಿ ಕೀ ಬೇಕು. 2018ರಿಂದೀಚಿನ ಮ್ಯಾಕ್‌ಬುಕ್ ಪ್ರೋ ಥರದವುಗಳಲ್ಲಿ ಸ್ಟೋರೇಜ್ ಬೋರ್ಡಿಗೇ ಬೆಸೆದಿರುತ್ತದೆ, ಬೀಗದ ಕೀ ಆ ಬೋರ್ಡಿನ ಚಿಪ್ಪಿನಲ್ಲೇ ಇರುತ್ತದೆ. ಆ ಬೋರ್ಡ್ ಎದ್ದರೆ ಮಾತ್ರ ಫೈಲ್ ಸಿಗುವುದು. ಅಂಥದ್ದರ ಮೇಲೆ ಮೊದಲ ಪ್ರಯೋಗ ಮಾಡಬೇಡಿ, ನುರಿತವರಿಗೆ ಕೊಡಿ.

ಬೋರ್ಡ್ ಎದ್ದ ಮೇಲೆ ತಕ್ಷಣ ಮುಚ್ಚಳ ಹಾಕಬೇಡಿ. ಸಿಪಿಯು ಬಿಸಿಯನ್ನು ಹೀರುವ ಹೀಟ್‌ಸಿಂಕ್ ತೆಗೆದಿದ್ದರೆ ಹೊಸ ಥರ್ಮಲ್ ಪೇಸ್ಟ್ ಹಚ್ಚಿ ಕೂರಿಸಿ. ಬ್ಯಾಟರಿ ಇಲ್ಲದೆ ಒಂದು ಗಂಟೆ ಓಡಿಸಿ, ದುರಸ್ತಿ ಮಾಡಿದ ಜಾಗ ಬಿಸಿಯಾಗುತ್ತಿದೆಯಾ ನೋಡಿ. ಆಮೇಲೆ ಬ್ಯಾಟರಿ ಹಾಕಿ ಚಾರ್ಜ್ ಏರುತ್ತಿದೆಯಾ ಅಂತ ನೋಡಿ. ಈಗ ಆರೋಗ್ಯವಾಗಿರುವ ಬೋರ್ಡ್ ನಿಮ್ಮ ಮುಂದಿದೆ, ಆಫ್ ಮಾಡಿ ಎಲ್ಲ ಕಾಯಿಲ್‌ಗಳ ಓಮನ್ನು ಇನ್ನೊಮ್ಮೆ ಅಳೆದು, ಬೋರ್ಡ್ ನಂಬರ್ ಸಮೇತ ಬರೆದಿಡಿ. ಎರಡು ವರ್ಷದ ಮೇಲೆ ಅದೇ ನಂಬರಿನ ಇನ್ನೊಂದು ಬೋರ್ಡ್ ನನ್ನ ಮೇಜಿಗೆ ಬಂದಾಗ, ಅಕ್ಕನ ಬೋರ್ಡಿನ ಆ ಒಂದು ಪುಟ ತೆಗೆದಿಟ್ಟುಕೊಂಡು ಅರ್ಧ ಗಂಟೆಯಲ್ಲಿ ಕೆಟ್ಟ ಲೈನ್ ಹಿಡಿದೆ.